ತಪಾಂಗ್ ಮರದ ತುದಿಯಲ್ಲಿ ನೆಂಡಾಕ್

ನನ್ನ ಮಗಳು ಸೆಂದಿಯ ಮದುವೆ ಎರಡು ಸಲ ನಿಂತುಹೋಗಿತ್ತು. ಹುಡುಗನದು ತಪ್ಪಿಲ್ಲ, ಹುಡುಗಿಯದು ತಪ್ಪಿಲ್ಲ, ಬೀಗರ ನಡುವೆ ಒಂದು ಅಡ್ಡ ಮಾತೂ ಇಲ್ಲ. ತಪ್ಪೆಲ್ಲ ಒಂದು ಹಕ್ಕಿಯದು. ಅದು ಎಡಗಡೆ ಹಾಡಿತ್ತು.

ನಮ್ಮ ಉದ್ದಮನೆಯಲ್ಲಿ ಇಪ್ಪತ್ತೆರಡು ಸಂಸಾರ, ಎಲ್ಲರಿಗೂ ಒಂದೇ ಜಗಲಿ. ಮದುವೆಯಾಗಲಿ, ಗದ್ದೆಗೆ ಕಾಡು ಕಡಿಯುವುದಾಗಲಿ, ಮೊದಲು ಹಕ್ಕಿ ಕೇಳಬೇಕು. ಕೇಳುವವನು ನನ್ನಪ್ಪ ಲಾಂಬೊರ್. ಐವತ್ತು ವರ್ಷದಿಂದ ಅವನೇ. ಮದುವೆಗಾದರೆ ನೆಂಡಾಕ್ ಹಕ್ಕಿ, ಗದ್ದೆಗಾದರೆ ಕೆತುಪೋಂಗ್ ಹಕ್ಕಿ ಬಲಗಡೆ ಹಾಡಬೇಕು. ಎಡಗಡೆ ಹಾಡಿತೋ, ಮುಂದಿನ ಹುಣ್ಣಿಮೆಯ ತನಕ ಎಲ್ಲರೂ ಬಾಯಿ ಮುಚ್ಚಿಕೊಂಡು ಕೂರಬೇಕು.

ಎರಡು ಸಲವೂ ನಾನು ಅವನ ಜೊತೆಗಿದ್ದೆ. ಎರಡು ಸಲವೂ ನನಗೆ ಬಲಗಡೆ ಕೇಳಿದಂತಾಯಿತು. ಅಪ್ಪ "ಎಡ" ಎಂದು ವಾಪಸ್ ತಿರುಗಿದ. ಗುಡ್ಡಕ್ಕೆ ಬಡಿದು ಮರುದನಿ ಬಂದಿರಬೇಕು ಎಂದು ನಾನು ಬಾಯಿ ಬಿಡಲಿಲ್ಲ. ನನ್ನಂಥ ಬಾಯಿಬಡುಕಿ ಸುಮ್ಮನಾದಳು ಎಂದರೆ ನೋಡಿ, ಅವನ ಮೇಲಿನ ಭಯಭಕ್ತಿ ಎಷ್ಟಿತ್ತು ಅಂತ.

ಹಾಗಂತ ನಾನೇನು ಹಕ್ಕಿ ಅರಿಯದವಳಲ್ಲ. ದುರ್ಬೀನು ನೇತುಹಾಕಿಕೊಂಡು ಬರುವ ಪರದೇಶದವರಿಗೆ ಕಾಡು ತೋರಿಸಿಯೇ ನಾನು ಸೆಂದಿಯನ್ನು ಓದಿಸಿದ್ದು. ಅವರು ಪುಸ್ತಕದಲ್ಲಿ ಬಣ್ಣ ನೋಡುತ್ತಾರೆ, ನಾನು ಜಾಗ ನೋಡುತ್ತೇನೆ. ಕೆಂಪು ಹೊಟ್ಟೆಯ ಬೆರಗಾಯ್ ನಡುಮರದ ಕೊಂಬೆ ಬಿಟ್ಟು ಇಳಿಯುವುದಿಲ್ಲ. ನೀಲಿ ರೆಕ್ಕೆಯ ಪಿಟ್ಟಾ ತರಗೆಲೆ ಕೆದಕುತ್ತ ನೆಲದಲ್ಲೇ ಇರುತ್ತದೆ. ಹಸಿರು ಎಲೆಹಕ್ಕಿಗೆ ಮರದ ನೆತ್ತಿಯೇ ಆಗಬೇಕು. ನೆಂಡಾಕ್ ಇರುವುದು ತೊರೆಯ ಪಕ್ಕದ ಪೊದೆಯಲ್ಲಿ, ಮನುಷ್ಯನ ಎದೆಯ ಎತ್ತರಕ್ಕೆ. ಇಷ್ಟು ತಿಳಿದರೆ ಅರ್ಧ ಹಕ್ಕಿ ಗುರುತಿಸಿದ ಹಾಗೆ.

ಎರಡನೇ ಸಲವೂ ನಿಂತು, ಮುಂದಿನ ಹುಣ್ಣಿಮೆಗೆ ಇನ್ನು ಎರಡೇ ದಿನ ಎನ್ನುವಾಗ ಹುಡುಗನ ತಾಯಿ ದೋಣಿ ಮಾಡಿಕೊಂಡು ಬಂದಳು. ನಾನು ಕೊಟ್ಟ ಅಕ್ಕಿಹೆಂಡ, ನಮ್ಮ ತುವಾಕ್, ಪೂರ್ತಿ ಕುಡಿದು ಬಟ್ಟಲು ಕೆಳಗಿಟ್ಟಳು.

"ಮೂರನೇ ಸಲಾನೂ ಎಡ ಅಂದ್ರೆ ನಮ್ಮ ಹುಡುಗನಿಗೆ ಬೇರೆ ಕಡೆ ನೋಡ್ತೀವಿ, ಸೆಂದಿ ಅಮ್ಮಾ. ಬೇಜಾರು ಮಾಡ್ಕೋಬೇಡಿ. ಹಕ್ಕಿಗೇ ಬೇಡ ಅಂದ್ಮೇಲೆ ನಾವೇನ್ ಮಾಡೋಣ?"

ಸೆಂದಿ ಅವತ್ತು ಊಟ ಮಾಡಲಿಲ್ಲ. ನಾನು ತಟ್ಟೆ ತಳ್ಳಿದರೆ ನನ್ನ ಮೇಲೇ ಹಾರಿಬಿದ್ದಳು.

"ಯಾವ್ಯಾವ ದೇಶದೋರಿಗೋ ಹಕ್ಕಿ ತೋರಿಸ್ತೀಯ. ನನಗೆ ಒಂದೇ ಒಂದು ಹಕ್ಕಿ ಬಲಗಡೆ ತೋರ್ಸೋಕೆ ನಿನ್ ಕೈಲಿ ಆಗಲ್ವಾ?"

ಆ ಮಾತು ನನ್ನ ಕರುಳಿಗೇ ಚುಚ್ಚಿತು. ಬುದ್ಧಿಯೂ ಅಲ್ಲೇ ಕೆಟ್ಟಿತು. ನನ್ನ ಮೊಬೈಲಿನಲ್ಲಿ ನೆಂಡಾಕ್ ಹಾಡು ಇತ್ತು, ನಾನೇ ಹಿಡಿದಿಟ್ಟದ್ದು. ಅಂಗೈಯಗಲದ ಸ್ಪೀಕರೂ ಇತ್ತು. ಮರುದಿನ ಹುಡುಗ ಜಂತಾಯ್‌ನನ್ನು ಕರೆಸಿದೆ. ಅವನು ದೋಣಿ ಎಂಜಿನ್ ರಿಪೇರಿ ಮಾಡುವವನು. ಕೈ ಬಂಗಾರ, ಆದರೆ ಹಕ್ಕಿಯ ವಿಷಯದಲ್ಲಿ ಮುಗ್ಧ. ಕೋಳಿ ಒಂದನ್ನು ಬಿಟ್ಟು ಉಳಿದದ್ದೆಲ್ಲ ಅವನಿಗೆ "ಸಣ್ ಹಕ್ಕಿ".

"ನಾಳೆ ಬೆಳಕು ಹರಿಯೋಷ್ಟರಲ್ಲಿ ತಪಾಂಗ್ ಮರದ ಹತ್ರ ಇರು. ದಾರಿಯ ಬಲಗಡೆ. ಇದನ್ನ ಅಲ್ಲಿಟ್ಟು ಅಡಗಿಕೋ. ನಾನು ಕೆಮ್ಮಿದ ಕೂಡ್ಲೇ ಒತ್ತು," ಎಂದೆ.

"ಅಷ್ಟೇ ತಾನೇ ಅತ್ತೆ? ಆಯ್ತು ಬಿಡಿ," ಎಂದ.

ಎಷ್ಟು ಎತ್ತರದಲ್ಲಿ ಇಡಬೇಕೆಂದು ನಾನು ಹೇಳಲಿಲ್ಲ. ಪ್ರಪಂಚದಲ್ಲಿ ಅದು ಗೊತ್ತಿಲ್ಲದ ಮನುಷ್ಯ ಇರುತ್ತಾನೆ ಎಂದು ನಾನು ಕನಸಿನಲ್ಲೂ ಎಣಿಸಿರಲಿಲ್ಲ.

ಬೆಳಿಗ್ಗೆ ಅಪ್ಪ ಹೊರಟಾಗ ಬಲಗಡೆಯ ಕೋಣೆಯ ಉಂಪಿ ಮುದುಕಿ ಬಾಗಿಲಲ್ಲೇ ಕೂತು, "ಹಕ್ಕಿಗಾ ಲಾಂಬೊರ್?" ಎಂದು ಕೂಗಿದಳು. ಅಪ್ಪ ತಿರುಗಿಯೂ ನೋಡದೆ ಮುಂದೆ ನಡೆದ.

"ನೋಡಿದ್ಯಾ ನಿಮ್ಮಪ್ಪನ ಜಂಬಾನ! ವರ್ಷದಿಂದ ಹಿಂಗೇ. ನಾನೇನು ಅವನ ಹಂದಿ ಕದ್ದಿದ್ದೀನಾ?" ಎಂದು ನನ್ನನ್ನು ತಡೆದಳು. ಅವಳಿಗೆ ಸಮಾಧಾನ ಹೇಳುವ ವ್ಯವಧಾನ ನನಗಿರಲಿಲ್ಲ. ಅಪ್ಪನ ಹಿಂದೆ ಓಡಿದೆ.

ತಪಾಂಗ್ ಮರ ಕಂಡದ್ದೇ ನಾನು ಕೆಮ್ಮಿದೆ. ಹಾಡು ಬಂತು. ಅಯ್ಯೋ, ಬಂದದ್ದು ಎಲ್ಲಿಂದ! ಆಕಾಶದಿಂದ. ಜೇನು ಕೀಳುವವರು ಮರಕ್ಕೆ ಹೊಡೆದ ಗೂಟಗಳನ್ನು ಹಿಡಿದು ಆ ಮಹಾರಾಯ ಜೇನು ಹುಟ್ಟುಗಳ ಎತ್ತರಕ್ಕೇ ಹತ್ತಿ ಕೂತಿದ್ದ.

ಅಪ್ಪ ನಿಂತ. ತಲೆ ಎತ್ತಿದ. ಬಹಳ ಹೊತ್ತು ಕೇಳಿಸಿಕೊಂಡ.

"ನೆಂಡಾಕ್," ಎಂದ. "ತಪಾಂಗ್ ಮರದ ತುದೀಲಿ ನೆಂಡಾಕ್. ಯಾಕಂತೆ ಮಗಳೇ? ಜೇನು ಕೀಳೋಕೆ ಹತ್ತಿದ್ಯಾ ಅದು?"

ಹಾಡು ಮುಗಿದು ಮತ್ತೆ ಮೊದಲಿನಿಂದ ಶುರುವಾಯಿತು.

"ಯಾವನೋ ಅವನು ಮೇಲೆ?" ಎಂದು ಅಪ್ಪ ಗದರಿದ.

"ಯಾರೂ ಇಲ್ಲ ಅಜ್ಜಾ!" ಎಂದು ಮೇಲಿನಿಂದ ಉತ್ತರ ಬಂತು.

ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿ ನೋಡಿಕೊಳ್ಳುವ ಆಸಾಮಿ ನನ್ನ ಅಳಿಯ. ಕೈಕಾಲು ತರಚಿಕೊಂಡು, ಇರುವೆ ಕಚ್ಚಿಸಿಕೊಂಡು ಇಳಿದು ಬಂದ. "ಹಕ್ಕಿ ಅಂದ್ರೆ ಮರದ ಮೇಲೆ ತಾನೇ ಅಜ್ಜ ಇರೋದು?" ಎಂದ. ನನಗೆ ಭೂಮಿ ಬಾಯಿಬಿಡಬಾರದೇ ಎನಿಸಿತು. ಮೂರನೆಯದನ್ನೂ ನಾನೇ ಕೈಯಾರೆ ಹಾಳುಮಾಡಿದೆ, ಇನ್ನು ಮಗಳಿಗೆ ಯಾವ ಮುಖ ತೋರಿಸಲಿ?

ಅಪ್ಪ ಬೈಯಲು ಬಾಯಿ ತೆರೆದ. ಆಗ ಹಾಡು ಮತ್ತೆ ಕೇಳಿತು. ಸ್ಪೀಕರು ಜಂತಾಯ್‌ನ ಜೇಬಿನಲ್ಲಿ ಬಾಯಿ ಮುಚ್ಚಿಕೊಂಡಿತ್ತು. ಇದು ನಿಜವಾದದ್ದು. ತನ್ನ ಜಾಗಕ್ಕೆ ಯಾರೋ ಬಂದು ಹಾಡಿದರಲ್ಲ ಎಂಬ ಸಿಟ್ಟಿಗೆ ಪಕ್ಕದ ತೊರೆಯ ಯಜಮಾನ ಎದ್ದು ಬಂದಿದ್ದ.

ಅಪ್ಪನ ಮುಖ ಇಳಿದುಹೋಯಿತು. "ಇದು ನಿಜ," ಎಂದ. "ಆದ್ರೆ ಎಡ. ಹೋಯ್ತು ಮಗಳೇ. ಪಾಪ, ಸೆಂದಿ."

"ಬಲ!" ಎಂದೆ. ಅಷ್ಟು ಜೋರಾಗಿ ನಾನು ಅವನೆದುರು ಯಾವತ್ತೂ ಮಾತಾಡಿರಲಿಲ್ಲ. "ಅಪ್ಪಾ, ಬಲಗಡೆ! ನಿನ್ನ ಕಣ್ಣಿಂದಾನೇ ನೋಡು!"

ಅವನು ಬಲಕ್ಕೆ ತಿರುಗಿದ. ನಾಲ್ಕು ಮಾರು ದೂರದ ಪೊದೆಯಲ್ಲಿ, ಎದೆಯ ಎತ್ತರಕ್ಕೆ, ಕೂತಿತ್ತು. ಹೊಳೆಯುವ ಕಪ್ಪು ತಲೆ, ಕೆಂಗಂದು ಹೊಟ್ಟೆ. ಉದ್ದ ಬಾಲ ಎತ್ತಿದಾಗೆಲ್ಲ ಅದರ ಬುಡದ ಬಿಳಿ ಕಾಣುತ್ತಿತ್ತು. ಕೊಕ್ಕು ತೆರೆದು ಹಾಡುತ್ತಲೇ ಇತ್ತು.

ಅಪ್ಪ ಅದನ್ನು ನೋಡಿದ. ಆಮೇಲೆ ಮೆಲ್ಲಗೆ ಬೆರಳೆತ್ತಿ ಎಡಗಿವಿ ಮುಚ್ಚಿಕೊಂಡ. ತೆಗೆದ. ಮತ್ತೆ ಮುಚ್ಚಿಕೊಂಡ.

"ಹಾಡ್ತಿದ್ಯಾ?" ಎಂದು ಕೇಳಿದ.

"ಹಾಡ್ತಿದೆ ಅಪ್ಪಾ," ಎಂದೆ.

ಅವನು ದಾರಿಯ ಮೇಲೇ ಕುಕ್ಕರಗಾಲಲ್ಲಿ ಕೂತುಬಿಟ್ಟ. ಉಂಪಿ ಮುದುಕಿಗೆ ವರ್ಷದಿಂದ ಅವನು ಯಾಕೆ ಉತ್ತರ ಕೊಟ್ಟಿಲ್ಲ ಎಂದು ನನಗೆ ಆಗ ಹೊಳೆಯಿತು. ಬಲಗಿವಿ ಸತ್ತುಹೋಗಿತ್ತು. ಹಕ್ಕಿ ಎಲ್ಲೇ ಕೂಗಲಿ, ಅವನಿಗೆ ಅದು ಎಡಗಡೆಯೇ.

"ಹಿಂದಿನ ಎರಡು ಸಲ?" ಎಂದ.

"ಬಲ. ಎರಡು ಸಲಾನೂ ಬಲ."

"ಯಾಕೆ ಹೇಳ್ಲಿಲ್ಲ, ಪೆದ್ದಿ?"

"ನಿನ್ನೆದುರು ಹೇಗಪ್ಪಾ ಹೇಳ್ಲಿ?" ಎಂದೆ. ನನಗೆ ಅಳು ಬಂತು. ಅವನ ಸ್ಥಿತಿ ಕಂಡ ಸಂಕಟಕ್ಕೋ, ಮಗಳ ಸಂತೋಷಕ್ಕೋ, ಎರಡಕ್ಕೂ ಸೇರಿಸಿಯೇ ಅತ್ತೆ.

ಜಂತಾಯ್ ಇರುವೆ ಕೊಡವುತ್ತ ಬೆರಳು ಮಡಿಸಿದ. "ಹಂಗಾದ್ರೆ ಅಜ್ಜ, ನನಗೂ ಸೆಂದೀಗೂ ಮೂರು ಸಲ ಮದುವೆ ಆದಂಗಾಯ್ತು. ಊಟ ಮಾತ್ರ ಒಂದೂ ಹಾಕಿಲ್ಲ ನೀವು."

ಅಪ್ಪ ಅವನನ್ನು ದಿಟ್ಟಿಸಿ ನೋಡಿದ. ಆಮೇಲೆ ನಗಲು ಶುರುಮಾಡಿದ. ನಕ್ಕ, ನಕ್ಕ, ಕಣ್ಣಲ್ಲಿ ನೀರು ಬರುವಷ್ಟು ನಕ್ಕ. ಆ ನೀರೆಲ್ಲ ನಗುವಿನದೇ ಆಗಿರಲಿಲ್ಲ.

ಅವತ್ತು ಸಂಜೆಯೇ ಜಗಲಿಯಲ್ಲಿ ಎಲ್ಲರನ್ನೂ ಕೂರಿಸಿ ಇದ್ದದ್ದನ್ನು ಇದ್ದ ಹಾಗೆ ಹೇಳಿದ. ಬಲವನ್ನು ಎಡ ಎಂದದ್ದಕ್ಕೆ ತನಗೇ ಒಂದು ಹಂದಿ ದಂಡ ಹಾಕಿಕೊಂಡ. ನೆಂಡಾಕನ್ನು ತಪಾಂಗ್ ಮರ ಹತ್ತಿಸಿದ್ದಕ್ಕೆ ಜಂತಾಯ್‌ಗೆ ಒಂದು ಹುಂಜ. ಗೊತ್ತಿದ್ದೂ ಸುಮ್ಮನಿದ್ದದ್ದಕ್ಕೆ ನನಗೆ ಎರಡು ಜಾಡಿ ತುವಾಕ್. ದಂಡವೆಲ್ಲ ಸೇರಿ ಮದುವೆಯ ಊಟವಾಯಿತು. ಉಂಪಿ ಮುದುಕಿ ಅಪ್ಪನ ಎಡಗಡೆಗೆ ಬಂದು ಕೂತು ಒಂದು ವರ್ಷದ ಬೈಗುಳವನ್ನು ಒಂದೇ ಸಂಜೆಯಲ್ಲಿ ತೀರಿಸಿದಳು.

ಮುಂದಿನ ತಿಂಗಳು ನನ್ನ ಗದ್ದೆಗೆ ಕಾಡು ಕಡಿಯಬೇಕಿತ್ತು. ಆಳುಗಳೆಲ್ಲ ಕತ್ತಿ ಮಸೆದು ಕಾಯುತ್ತಿದ್ದರು. ಬೆಳಗಿನಲ್ಲಿ ನಾನೂ ಅಪ್ಪನೂ ಹೋದೆವು. ಒಂದು ಹಕ್ಕಿ ಕೂಗಿತು.

"ಕೆತುಪೋಂಗ್," ಎಂದ ಅಪ್ಪ. ಹೆಸರಿನಲ್ಲಿ ಅವನು ಎಂದೂ ತಪ್ಪಿದವನಲ್ಲ. ಆಮೇಲೆ ನನ್ನ ಮಣಿಕಟ್ಟು ಹಿಡಿದು ಕೇಳಿದ, "ಯಾವ ಕಡೆ?"

ಬಲ ಎನ್ನಲು ನನಗೆ ಎಷ್ಟು ಆಸೆಯಿತ್ತೆಂದು ದೇವರಿಗೇ ಗೊತ್ತು.

"ಎಡ," ಎಂದೆ.

ಅವನು ಇನ್ನೊಂದು ಮಾತು ಕೇಳಲಿಲ್ಲ. "ಸರಿ, ನಡಿ," ಎಂದು ಮನೆಯ ಕಡೆ ತಿರುಗಿದ.