ಮೊದಲನೆಯದು ಪೂಜೆಗಲ್ಲ

"ರೊಟ್ಟಿ ಮೇಲೆ ಹೆಣದ ಚಿತ್ರ ಯಾಕೆ ಸ್ವಾಮಿ? ತಿನ್ನೋರಿಗೆ ಗಂಟಲಲ್ಲಿ ಇಳೀತದಾ?"

ಈ ಲೋಕದಲ್ಲಿ ನನ್ನ ಕಿವಿಗೆ ಬಿದ್ದ ಮೊದಲ ಮಾತು ಇದು. ಕೇಳಿದವನು ಕೆಂಪಾಚಾರಿ, ನನ್ನನ್ನು ಮಾಡಿದ ಕಮ್ಮಾರ. ಅವನೆದುರು ಮಣೆಯ ಮೇಲೆ ಕುಳಿತು ನಿಲುವಂಗಿಯ ಅಂಚನ್ನು ಕಿಡಿಗಳಿಂದ ಕಾಪಾಡಿಕೊಳ್ಳುತ್ತಿದ್ದವರು ಹಾಲ್ಗಟ್ಟದ ಇಗರ್ಜಿಯ ಚೌರಪ್ಪ ಸ್ವಾಮಿ. ಆಗಿನ್ನೂ ಎಳೆಯ ಪಾದ್ರಿ, ಗಡ್ಡ ಕಪ್ಪಗಿತ್ತು.

"ಹೆಣ ಅಲ್ಲ ಆಚಾರಿ. ನಮ್ಮ ಯೇಸುಸ್ವಾಮಿ ತನ್ನ ಮೈಯನ್ನೇ ನಮಗೆ ಊಟವಾಗಿ ಕೊಟ್ಟರು."

"ಹಂಗಾದ್ರೆ ಮೈಮೇಲೆ ಒಂದಿಷ್ಟು ಮಾಂಸ ಇರಬೇಕಲ್ಲ? ನೀವು ತಂದಿರೋ ಪಟದಲ್ಲಿ ಬರೀ ಮೂಳೆ."

"ಇದ್ದದ್ದನ್ನೆಲ್ಲ ಕೊಟ್ಟುಬಿಟ್ಟರಲ್ಲ."

ಕೆಂಪಾಚಾರಿ ನಗಲಿಲ್ಲ. ಉಳಿ ತೆಗೆದುಕೊಂಡು ನನ್ನ ಎದೆಯ ಮೇಲೆ ಶಿಲುಬೆಯನ್ನು, ಶಿಲುಬೆಯ ಮೇಲೆ ಆ ಮನುಷ್ಯನನ್ನು ಕೊರೆದ. ಪಕ್ಕೆಲುಬುಗಳನ್ನು ಮಾತ್ರ ಪಟದಲ್ಲಿದ್ದುದಕ್ಕಿಂತ ಆಳವಾಗಿ ಕೊರೆದ. ಹಸಿದವರನ್ನು ಹತ್ತಿರದಿಂದ ಕಂಡ ಕೈ ಅದು.

ನಾನು ಓಸ್ತಿ, ಅಂದರೆ ಪೂಜೆಯ ರೊಟ್ಟಿ, ಮಾಡುವ ಅಚ್ಚು. ಎರಡು ದಪ್ಪ ಕಬ್ಬಿಣದ ಬಿಲ್ಲೆ, ಎರಡು ಉದ್ದನೆಯ ಹಿಡಿ, ನಡುವೆ ಒಂದು ಮೊಳೆ, ಅಷ್ಟೇ ನಾನು. ದೂರದಿಂದ ನೋಡಿದವರು ಇಕ್ಕಳ ಅನ್ನುತ್ತಾರೆ. ಇದ್ದಲ ಒಲೆಯ ಮೇಲೆ ನನ್ನ ಎರಡೂ ಮಗ್ಗುಲು ಕಾಯಿಸಿ, ಜೇನುಮೇಣ ಸವರಿ, ಗೋಧಿಹಿಟ್ಟಿನ ನೀರು ಹೊಯ್ದು ಮುಚ್ಚಬೇಕು. ಒಂದು 'ನಮೋ ಮರಿಯೆ' ಪ್ರಾರ್ಥನೆ ಹೇಳಿ ಮುಗಿಸುವಷ್ಟರಲ್ಲಿ ಕಾಗದದಷ್ಟು ತೆಳ್ಳಗಿನ ಬಿಳಿ ಓಸ್ತಿ ಸಿದ್ಧ. ಪಾದ್ರಿಗಳು ಪೂಜೆಯಲ್ಲಿ ಅದನ್ನು ಎತ್ತಿ ಮಂತ್ರ ಹೇಳಿದ ಮೇಲೆ ಅದು ರೊಟ್ಟಿಯಲ್ಲ, ಕ್ರಿಸ್ತರ ಶರೀರ. ಹಾಲ್ಗಟ್ಟದ ಜನ ಹಾಗೆಂದು ನಂಬಿ ನಾಲಿಗೆ ಚಾಚುತ್ತಿದ್ದರು. ಆದರೆ ಅದಕ್ಕೆ ಒಂದು ಕಟ್ಟುಪಾಡಿದೆ. ಹಿಟ್ಟು ಗೋಧಿಯದೇ ಆಗಬೇಕು. ಬೇರೆ ಯಾವ ಹಿಟ್ಟಾದರೂ ಎಷ್ಟು ಮಂತ್ರ ಹೇಳಿದರೂ ಅದು ಬರೀ ಹಿಟ್ಟೇ.

ಕನ್ಯಾಮಠದ ಅಡುಗೆಮನೆಯಲ್ಲಿ ನಾನು ಸಿಸ್ಟರ್ ಅಪೊಲೊನಿಯಾ ಅವರ ಕೈಗೆ ಬಂದೆ. ಕುಳ್ಳಗೆ, ಗುಂಡಗೆ ಇದ್ದ ಹೆಂಗಸು. ಮಠದಲ್ಲಿ ಮೌನದ ಹೊತ್ತು ಬಹಳ. ಬೇರೆಯವರೊಡನೆ ಆಡಲಾಗದ ಮಾತನ್ನೆಲ್ಲ ನನ್ನೊಡನೆ ಆಡಿಬಿಡುತ್ತಿದ್ದರು.

"ನೋಡು ಕರಿಯಾ, ನಮ್ಮನ್ನೂ ದೇವರು ಹಿಂಗೇ ಒತ್ತಿದ್ದು, ತನ್ನದೇ ಅಚ್ಚಲ್ಲಿ. ಅಚ್ಚಲ್ಲೇನೂ ಐಬಿಲ್ಲ. ಹಿಟ್ಟೇ ಸರಿ ಇಲ್ಲ ನಮ್ಮದು. ತೆಗೆಯೋವಾಗ ಹರಿದುಹೋಗ್ತೀವಿ."

ನನಗೊಂದು ದೋಷವಿತ್ತು. ಎಷ್ಟೇ ಹದವಾಗಿ ಕಾಯಿಸಿದರೂ ಮೊದಲ ಓಸ್ತಿ ಸರಿಯಾಗಿ ಬರುತ್ತಿರಲಿಲ್ಲ. ಮೇಣದ ಹೊಗೆ ಹಿಡಿದು ಕಂದು ಬಣ್ಣಕ್ಕೆ ತಿರುಗುತ್ತಿತ್ತು, ಇಲ್ಲವೇ ಪಕ್ಕೆಲುಬಿನ ಸಾಲಿನಲ್ಲಿ ಸೀಳುತ್ತಿತ್ತು. "ಮೊದಲನೇದು ಪೂಜೆಗಲ್ಲ," ಎಂದು ಸಿಸ್ಟರ್ ಅದನ್ನು ಹಿತ್ತಿಲ ಬಾಗಿಲಿಗೆ ಬಂದವರ ಕೈಗೆ ಕೊಡುತ್ತಿದ್ದರು. ಅದು ಆ ಅಡುಗೆಮನೆಯ ಪದ್ಧತಿಯಾಯಿತು.

ಎಲ್ಲ ಶುರುವಾದದ್ದು ಆ ಹಿತ್ತಿಲ ಬಾಗಿಲಿನಲ್ಲೇ.

ಯುದ್ಧದ ಕಾಲ. ಎಲ್ಲೋ ದೂರದಲ್ಲಿ ಯಾರೋ ಬಡಿದಾಡಿದರೆ ಹಾಲ್ಗಟ್ಟದ ಪಾತ್ರೆಗಳು ಏಕೆ ಬರಿದಾಗಬೇಕೋ ನನಗೆ ಇವತ್ತಿಗೂ ತಿಳಿಯದು. ರಾಗಿ ಸಿಗದು, ಅಕ್ಕಿ ಸಿಗದು. ಮಠದಲ್ಲೂ ಎರಡು ಹೊತ್ತು ಅಂಬಲಿ. ಉಗ್ರಾಣದ ಬೀಗದ ಕೈ ಮಠದ ಮುಖ್ಯಸ್ಥೆ ಮದರ್ ಅವರ ಸೊಂಟದಲ್ಲಿ. ಪೂಜೆಗೆಂದು ಪರ್ಮಿಟ್ಟಿನ ಮೇಲೆ ಬರುತ್ತಿದ್ದ ಎರಡು ಸೇರು ಗೋಧಿಹಿಟ್ಟಿನ ಜಾಡಿ ಮಾತ್ರ ಸಿಸ್ಟರ್ ಅಪೊಲೊನಿಯಾ ಅವರ ವಶದಲ್ಲಿತ್ತು.

ಮದಲಮ್ಮ ಎಂಬ ವಿಧವೆ ಮಗಳನ್ನು ಸೊಂಟದ ಮೇಲೆ ಕೂರಿಸಿಕೊಂಡು ಬರುತ್ತಿದ್ದಳು. ಇಗರ್ಜಿ ಗುಡಿಸುವವಳು ಅವಳೇ. ಮಗಳು ಲೂರ್ದು, ನಾಲ್ಕು ವರ್ಷದವಳು. ನೋಡಿದರೆ ಎರಡು ಅನ್ನಬೇಕು. ಅಂಗಿ ಇರಲಿಲ್ಲ. ಅವಳ ಎದೆಯನ್ನು ಕಂಡಾಗ ನನಗೆ ಕೆಂಪಾಚಾರಿಯ ಉಳಿ ನೆನಪಾಯಿತು.

"ಇವತ್ತು ಮೊದಲನೇದು ಇಲ್ವಾ ಸಿಸ್ಟರಮ್ಮಾ?"

"ನಿನ್ನೆ ತಾನೇ ಸುಟ್ಟೆ ಮದಲಮ್ಮ. ಇನ್ನು ಶನಿವಾರವೇ."

"ಶನಿವಾರದ ಗಂಟ ಇದು ಇರಬೇಕಲ್ಲಾ," ಎಂದಳು ಮದಲಮ್ಮ. ಅಳಲಿಲ್ಲ. ಮಳೆ ಬರುತ್ತೋ ಇಲ್ಲವೋ ಅನ್ನುವ ಹಾಗೆ ಹೇಳಿದಳು.

ಸಿಸ್ಟರ್ ಅಷ್ಟು ಹೊತ್ತಿಗಾಗಲೇ ತಮ್ಮ ಅಂಬಲಿಯಲ್ಲಿ ಅರ್ಧವನ್ನು ದಿನವೂ ಆ ಮಗುವಿಗೆ ಕುಡಿಸುತ್ತಿದ್ದರು. ಗುಂಡಗಿದ್ದವರು ಕರಗಿದ್ದರು. ಅದೂ ಸಾಲದಾಯಿತು. ಆ ದಿನ ಅವರು ಜಾಡಿಯ ಮುಚ್ಚಳ ತೆಗೆದು ಒಂದು ಹಿಡಿ ಗೋಧಿಹಿಟ್ಟನ್ನು ಮದಲಮ್ಮನ ಸೆರಗಿಗೆ ಸುರಿದರು. ಶನಿವಾರ ಹಿಟ್ಟು ಸಾಲಲಿಲ್ಲ. ಆಗ ಒಗೆಯುವ ಕೋಣೆಗೆ ಹೋಗಿ ಒಂದು ಬಟ್ಟಲು ತಂದರು. ಪೀಠದ ಬಟ್ಟೆಗಳಿಗೆ, ಸಿಸ್ಟರುಗಳ ಮುಸುಕಿಗೆ ಗಂಜಿ ಹಾಕಲು ಇಟ್ಟಿದ್ದ ಮರಗೆಣಸಿನ ಹಿಟ್ಟು ಅದು. ಹಳೆಯದು, ಹುಳಿ ವಾಸನೆಯದು. ಹಿಂದೊಮ್ಮೆ ಮಗುವಿಗೆ ಅದನ್ನೇ ಕಾಯಿಸಿ ಕುಡಿಸಿ ನೋಡಿದ್ದರು. ಮಗುವಿನ ಹೊಟ್ಟೆ ಕೆಟ್ಟು ಎರಡು ದಿನ ಸಾಯುವ ಹಾಗಾಗಿತ್ತು.

"ಒಂದೇ ಒಂದು ಹಿಡಿ ಕರಿಯಾ. ಗೋಧಿಯೇ ಜಾಸ್ತಿ ಇದೆ."

ಮುಂದಿನ ವಾರ ಎರಡು ಹಿಡಿ. ಆಮೇಲೆ ಅರ್ಧಕ್ಕರ್ಧ. ತಪಸ್ಸು ಕಾಲದ ಉಪವಾಸ ಮುಗಿದು, ಯೇಸುಸ್ವಾಮಿ ಮರಳಿ ಎದ್ದ ಪಾಸ್ಕ ಹಬ್ಬ ಬರುವ ಹೊತ್ತಿಗೆ ನನ್ನೊಳಗೆ ಹೊಯ್ಯುತ್ತಿದ್ದುದರಲ್ಲಿ ಗೋಧಿಯ ಒಂದು ಕಣವೂ ಇರಲಿಲ್ಲ. ಗೋಧಿ ಬೆಂದರೆ ಹೊಲದ ವಾಸನೆ ಬರುತ್ತದೆ. ಇದು ಇಸ್ತ್ರಿ ಮೇಜಿನ ವಾಸನೆ. ಆದರೂ ಚಿತ್ರ ಚೆನ್ನಾಗಿ ಮೂಡುತ್ತಿತ್ತು, ಮೊದಲಿಗಿಂತ ಚೆನ್ನಾಗಿ. ನಾನೇನು ಮಾಡಲಿ? ಒಳಗೆ ಏನು ಹೊಯ್ದರೂ ಅದೇ ಶರೀರವನ್ನು ಒತ್ತುವುದು ನನ್ನ ಕೆಲಸ.

"ಈ ಸಲ ಓಸ್ತಿ ಎಷ್ಟು ಬೆಳ್ಳಗಿದೆ ಸಿಸ್ಟರ್!" ಎಂದರು ಒಂದು ದಿನ ಚೌರಪ್ಪ ಸ್ವಾಮಿ. ಆ ಭಾನುವಾರವೇ ಅವರು ಕ್ರೈಸ್ತ ಸಭೆಯೆಂದರೆ ಒಂದೇ ಮೈ, ಒಬ್ಬರ ಹಸಿವು ಎಲ್ಲರ ಹಸಿವು ಎಂದು ಪ್ರಸಂಗ ಮಾಡಿದರಂತೆ. ಜನ ಕಣ್ಣೊರೆಸಿಕೊಂಡರಂತೆ. ಸಿಸ್ಟರ್ ಬಂದು ಹೇಳಿದರು. ಆ ಸಂಜೆ ಹಿತ್ತಿಲ ಬಾಗಿಲಿಗೆ ಬಂದ ತುತ್ತು ಮಾತ್ರ ಸಿಸ್ಟರ್ ಕೊಟ್ಟದ್ದೊಂದೇ.

ಲೂರ್ದುವಿನ ಕೆನ್ನೆ ಸ್ವಲ್ಪ ತುಂಬಿತು. ಮದಲಮ್ಮನ ಕೆನ್ನೆ ಇನ್ನೂ ಒಳಕ್ಕೆ ಹೋಯಿತು. ಕೊಟ್ಟ ಹಿಟ್ಟಿನಲ್ಲಿ ಒಂದು ಚಿಟಿಕೆಯನ್ನೂ ಅವಳು ಬಾಯಿಗೆ ಹಾಕಿಕೊಳ್ಳುತ್ತಿರಲಿಲ್ಲ ಎಂದು ಆಮೇಲೆ ಗೊತ್ತಾಯಿತು.

ಒಂದು ಮಧ್ಯಾಹ್ನ ನಾನು ಒಲೆಯ ಮೇಲಿದ್ದೆ. ಚೌರಪ್ಪ ಸ್ವಾಮಿ ಬಾಗಿಲಿಗೆ ಬಂದರು. ಎದೆಯ ಮೇಲೆ ಬೆಳ್ಳಿಯ ಕರಡಿಗೆ, ಅದರೊಳಗೆ ಮಂತ್ರಿಸಿದ ಓಸ್ತಿ.

"ಗಂಟೆ ಹಿಡ್ಕೊಂಡು ಮುಂದೆ ನಡೀರಿ ಸಿಸ್ಟರ್. ಮದಲಮ್ಮ ಹೋಗ್ತಾ ಇದ್ದಾಳೆ. ಜ್ವರ. ಕೊನೆಯ ಸತ್ಪ್ರಸಾದ ಬೇಕು ಅಂತ ಒಂದೇ ಸಮನೆ ಕೇಳ್ತಿದ್ದಾಳಂತೆ."

ಸಿಸ್ಟರ್ ನನ್ನ ಹಿಡಿಯನ್ನು ಬಿಡಲಿಲ್ಲ. ಕರಡಿಗೆಯೊಳಗೆ ಇರುವುದು ಏನೆಂದು ಈ ಭೂಮಿಯ ಮೇಲೆ ಬಲ್ಲವರು ಇಬ್ಬರೇ, ಅವರು ಮತ್ತು ನಾನು. ಜಾಡಿಯ ಕಡೆ ನೋಡಿದರು. ತಳದಲ್ಲಿ ಒಂದಿಷ್ಟು ಗೋಧಿ ಇತ್ತು, ಆ ಸಂಜೆ ಲೂರ್ದುವಿಗೆಂದು ಇಟ್ಟದ್ದು. ಒಂದು ಮಾತು ಹೇಳಿದ್ದರೆ ಸಾಕಿತ್ತು. ನಾನು ಕಾದಿದ್ದೆ, ಮೇಣ ಸವರಿಯೂ ಆಗಿತ್ತು. ಒಂದು 'ನಮೋ ಮರಿಯೆ'ಯ ಹೊತ್ತು, ಆಮೇಲೆ ಒಂದು ಪೂಜೆಯ ಹೊತ್ತು.

"ಏನು ಸಿಸ್ಟರ್?"

"ಏನಿಲ್ಲ ಸ್ವಾಮಿ. ಬೆಂಕಿ ಆರಿಸಿ ಬರ್ತೀನಿ."

ಗಂಟೆಯ ಸದ್ದು ಬೀದಿಯುದ್ದಕ್ಕೂ ಹೋಯಿತು. ಆ ಗಂಟೆ ಕೇಳಿದರೆ ಎಲ್ಲಿದ್ದವರು ಅಲ್ಲೇ ಮಂಡಿಯೂರುತ್ತಾರೆ. ಊರೆಲ್ಲ ಮಂಡಿಯೂರಿತ್ತಂತೆ.

ಮಾರನೆಯ ಬೆಳಗ್ಗೆ ಮದಲಮ್ಮನನ್ನು ಮಣ್ಣು ಮಾಡಿ ಸ್ವಾಮಿ ನೇರವಾಗಿ ಅಡುಗೆಮನೆಗೆ ಬಂದರು, ಸಿಸ್ಟರ್ ಹೇಳಿ ಕಳುಹಿಸಿದ್ದರಿಂದ. ಸಿಸ್ಟರ್ ಕುಳಿತುಕೊಳ್ಳಲಿಲ್ಲ. ನಿಂತೇ ಎಲ್ಲವನ್ನೂ ಹೇಳಿದರು.

"ಹಾಗಾದರೆ ನಿನ್ನೆ ಅವಳ ನಾಲಿಗೆ ಮೇಲೆ ನಾನು ಏನಿಟ್ಟೆ?"

"ಬಟ್ಟೆ ಗಂಜಿ, ಸ್ವಾಮಿ."

"ಪಾಸ್ಕ ಹಬ್ಬದಲ್ಲಿ? ಇಡೀ ಊರಿಗೆ?"

"ಅದೂ."

"ಗೋಧಿ ಎಲ್ಲಿ ಹೋಯಿತು?"

"ಲೂರ್ದು ಹೊಟ್ಟೆಗೆ."

ಸ್ವಾಮಿ ಜಾಡಿಯ ಮುಚ್ಚಳ ತೆಗೆದು ಒಳಗೆ ನೋಡಿದರು.

"ಕೊಟ್ಟದ್ದಕ್ಕೆ ನನಗೆ ಭಯವಿಲ್ಲ ಸ್ವಾಮಿ," ಎಂದರು ಸಿಸ್ಟರ್. "ನಿನ್ನೆ ಸುಮ್ಮನಿದ್ದೆನಲ್ಲ, ಅದಕ್ಕೆ. ಹೇಳಿದರೆ ಮದರ್ ಅಡುಗೆಮನೆಯಿಂದ ತೆಗೆದುಬಿಡ್ತಾರೆ, ಊರು ಉಗೀತದೆ ಅಂತ. ನನ್ನ ಮಾನಕ್ಕೋಸ್ಕರ ಅವಳನ್ನ ಬರಿಬಾಯಲ್ಲಿ ಕಳಿಸಿದೆ. ಅವಳಿಗೆ ಬೇಕಾಗಿದ್ದದ್ದು ಅದೊಂದೇ. ನೀವು ಭಾನುವಾರ ಪೀಠದಿಂದ ಎಲ್ಲ ಹೇಳಿಬಿಡಿ."

ಸ್ವಾಮಿ ಹೇಳಲಿಲ್ಲ. ಉಳಿದಿದ್ದ ಓಸ್ತಿಗಳನ್ನು ಸದ್ದಿಲ್ಲದೆ ಸುಟ್ಟುಹಾಕಿ, ಪಟ್ಟಣದಿಂದ ಬೇರೆ ತರಿಸಿದರು. ಸಿಸ್ಟರ್ ಅಪೊಲೊನಿಯಾ ಅವರನ್ನು ಆ ವಾರವೇ ಬಹು ದೂರದ ಮಠಕ್ಕೆ ಕಳುಹಿಸಿದರು, ಹಾಲ್ಗಟ್ಟದ ಯಾರಿಗೂ ಕಾಗದ ಬರೆಯಕೂಡದು ಎಂಬ ಅಪ್ಪಣೆಯೊಂದಿಗೆ. ಹೊರಡುವ ಮುಂಚೆ ಅವರು ನನಗೆ ಮೇಣ ಸವರಿದರು. ಎರಡು ಸಲ ಸವರಿದರು, ಮರೆತವರ ಹಾಗೆ.

"ಆ ಮಗು ಉಳೀತದಾ ಕರಿಯಾ?"

ನನಗೆ ತುಟಿ ಎರಡಿದ್ದರೂ ಮಾತು ಬರುವುದಿಲ್ಲ.

ಲೂರ್ದು ಉಳಿದಳು. ಮಠದ ಅನಾಥ ಮಕ್ಕಳ ಜೊತೆ ಬೆಳೆದು, ಅದೇ ಅಡುಗೆಮನೆಗೆ ಕೆಲಸಕ್ಕೆ ಸೇರಿದಳು. ನನ್ನನ್ನು ಕಾಯಿಸುವುದನ್ನು ಕಲಿತಳು. ಮೊದಲನೆಯದನ್ನು ಹಿತ್ತಿಲ ಬಾಗಿಲಿಗೆ ಕೊಡುವ ಪದ್ಧತಿಯನ್ನೂ ಕಲಿತಳು, ಯಾರು ಶುರುಮಾಡಿದ್ದೆಂದು ತಿಳಿಯದೆ. ಇಪ್ಪತ್ತು ವರ್ಷ ಅವಳ ಕೈಯಲ್ಲಿದ್ದೆ. ಆಮೇಲೆ ಒಂದು ಕರೆಂಟಿನ ಯಂತ್ರ ಬಂತು. ಒಂದೇ ಸಲಕ್ಕೆ ಐವತ್ತು ಓಸ್ತಿ, ಮೊದಲನೆಯದೂ ಕೊನೆಯದೂ ಒಂದೇ ಥರ. ಹಿತ್ತಿಲ ಬಾಗಿಲಿಗೆ ಕೊಡಲು ಏನೂ ಉಳಿಯಲಿಲ್ಲ. ನನ್ನನ್ನು ಮುರಿದ ಮೇಣದಬತ್ತಿಯ ಕಂಬಗಳ ಜೊತೆ ಅಟ್ಟಕ್ಕೆ ಎಸೆದರು.

ಅಟ್ಟದಲ್ಲಿ ತುಕ್ಕು ಹಿಡಿಯುತ್ತ ನಾನು ಯೋಚಿಸಿದ್ದು ಇಷ್ಟು. ಮನುಷ್ಯರ ಹಿಟ್ಟು ಹಾಳು ಎಂದು ಸಿಸ್ಟರ್ ಅನ್ನುತ್ತಿದ್ದರು. ಆ ಮಾತನ್ನು ನಾನು ಪೂರ್ತಿ ಒಪ್ಪಲಾರೆ. ಮಗುವಿನ ಬಾಯಿಗೆ ಗೋಧಿ ಹಾಕಿದ ಕೈ ಮತ್ತು ತಾಯಿಯ ಸಾವಿನ ಮುಂದೆ ಮುಚ್ಚಿಕೊಂಡ ಬಾಯಿ ಒಂದೇ ಮೈಯಲ್ಲಿದ್ದವು. ಒಂದೇ ಮೈ, ಒಂದೇ ವಾರ. ಇದನ್ನು ಹೇಗೆ ಬೇರ್ಪಡಿಸುವುದೋ ಕಬ್ಬಿಣಕ್ಕೆ ತಿಳಿಯದು. ಇಗರ್ಜಿಗೆ ತಿಳಿದಿದೆಯೆಂದೂ ನನಗೆ ಅನ್ನಿಸಲಿಲ್ಲ.

ಮೊನ್ನೆ ಅಟ್ಟದ ಬಾಗಿಲು ತೆರೆಯಿತು. ಲೂರ್ದು ನನ್ನನ್ನು ಕೆಳಗಿಳಿಸಿ ಬೂದಿ ಹಾಕಿ ಉಜ್ಜಿದಳು. ನಲವತ್ತು ದಾಟಿದ ಹೆಂಗಸು, ಕಿವಿಯ ಬಳಿ ನರೆಗೂದಲು. ಅಡುಗೆಮನೆಯ ಮಣೆಯ ಮೇಲೆ ಒಬ್ಬ ಮುದುಕರು ಕುಳಿತಿದ್ದರು. ಗಡ್ಡ ಬಿಳಿಯಾಗಿತ್ತು. ಧ್ವನಿಯಿಂದ ಗುರುತಿಸಿದೆ, ಚೌರಪ್ಪ ಸ್ವಾಮಿ.

"ಇದರಲ್ಲೇ ಸುಡಬೇಕು ಅಂದ್ರಲ್ಲ ಸ್ವಾಮಿ, ಯಂತ್ರದ್ದು ಆಗಾಕಿಲ್ವಾ? ವಯಸ್ಸಾದ ಮ್ಯಾಲೆ ನಿಮಗೂ ಹುಡುಗಾಟ," ಎಂದು ಲೂರ್ದು ನಕ್ಕಳು.

"ನಿನ್ನ ಅವ್ವನ ಹೆಸರಲ್ಲಿ ಒಂದು ಪೂಜೆ ಮಾಡಬೇಕು ಮಗಳೇ. ಅದಕ್ಕೆ ಇದರ ಓಸ್ತಿಯೇ ಬೇಕು. ಗೋಧಿಯದು." ಆಮೇಲೆ ಅವರು ಎಲ್ಲವನ್ನೂ ಹೇಳಿದರು. ಮೂವತ್ತೇಳು ವರ್ಷ ಕಟ್ಟಿಟ್ಟ ಮಾತು.

ಲೂರ್ದು ನಗು ನಿಲ್ಲಿಸಿ ಕೇಳಿದಳು. ಅವಳ ಕೈ ನನ್ನ ಹಿಡಿಯ ಮೇಲೆ ಬಿಗಿಯಾಯಿತು.

"ಆ ಸಿಸ್ಟರಮ್ಮ ಈಗ ಎಲ್ಲವ್ರೆ?"

"ತೀರಿಕೊಂಡು ಹನ್ನೊಂದು ವರ್ಷ ಆಯಿತಮ್ಮ."

"ನಾನು ಬದುಕಿವ್ನಿ ಅಂತ ಯಾರಾದ್ರೂ ಅವರಿಗೆ ಹೇಳಿದ್ರಾ?"

"ಇಲ್ಲಮ್ಮ," ಎಂದರು ಸ್ವಾಮಿ.

"ಒಂದು ಕಾಗದ ಸ್ವಾಮಿ. ಒಂದೇ ಒಂದು ಕಾಗದ."

"ಬರೆಯಲಿಲ್ಲ," ಎಂದರು. "ಬರೆದರೆ ಎಲ್ಲಾ ಹೊರಗೆ ಬರ್ತದೆ ಅಂತ."

ಲೂರ್ದು ಇದ್ದಲು ಊದಿದಳು. ನಾನು ಕಾದೆ. ಮೇಣ ಸವರಿ, ಗೋಧಿಹಿಟ್ಟು ಹೊಯ್ದು ಮುಚ್ಚಿದಳು. ಎಷ್ಟೋ ವರ್ಷಗಳ ಮೇಲೆ ಹೊಲದ ವಾಸನೆ. ತೆರೆದಾಗ ಓಸ್ತಿ ಕಂದಾಗಿತ್ತು, ಪಕ್ಕೆಲುಬಿನ ಸಾಲಿನಲ್ಲಿ ಸೀಳಿತ್ತು.

"ಮೊದಲನೇದು ಪೂಜೆಗಲ್ಲ," ಎಂದಳು. "ನೀವೇ ತಿನ್ನಿ ಸ್ವಾಮಿ."

ಮುದುಕರು ಕೈ ಚಾಚಿ, ಹಿಂದಕ್ಕೆಳೆದುಕೊಂಡರು. ಕೊನೆಗೆ ಕಣ್ಣು ಮುಚ್ಚಿ, ಪೀಠದ ಮುಂದೆ ಜನ ಮಾಡುವ ಹಾಗೆ ನಾಲಿಗೆ ಚಾಚಿದರು. ಲೂರ್ದು ಸೀಳಿದ ಓಸ್ತಿಯನ್ನು ಅವರ ನಾಲಿಗೆಯ ಮೇಲಿಟ್ಟಳು. ಒಂದು ಚೂರು ಜಾರಿ, ಕಾದಿದ್ದ ನನ್ನ ಮೇಲೆ ಬಿದ್ದು, ಕರಕಲಾಯಿತು.