ಕರಡಿಗೆಯೊಳಗಿನ ಆಟ

ಮಠದ ಅಯ್ಯನವರು ಉಗುರು ಹಾಕಿ ಮೀಟಿದರು. ಲಿಂಗವಿಡುವ ಬೆಳ್ಳಿಯ ಕರಡಿಗೆ ಬಾಯಿ ಬಿಡಲಿಲ್ಲ.

"ಕೊಂಡಿಗೆ ಯಾರೋ ತಂತಿ ಸುತ್ಯಾರಲ್ರಿ ಮಾಸ್ತರ," ಎಂದು ಅಂದಾನಪ್ಪನವರ ಕಡೆ ತಿರುಗಿದರು.

ಅಂದಾನಪ್ಪ ಮಾಸ್ತರರಿಗೆ ಕೇಳಿಸಿತೋ ಇಲ್ಲವೋ. ಅವರು ಮಗನ ಮೊಣಕಾಲನ್ನೇ ನೋಡುತ್ತಿದ್ದರು. ಪಡಸಾಲೆಯ ಗೋಡೆಗೆ ಒರಗಿ ವಿಜಯಮಹಾಂತೇಶ ಪದ್ಮಾಸನ ಹಾಕಿ ಕುಳಿತಿದ್ದ. ಮೈ ಸೆಟೆಯುವ ಮೊದಲೇ, ನಿನ್ನೆ ರಾತ್ರಿ, ಕಾಲು ಮಡಚಿ ಕೂರಿಸಿದ್ದರು. ಹಣೆಗೆ, ತೋಳಿಗೆ ವಿಭೂತಿ, ತಲೆಗೆ ರುಮಾಲು. ನಿನ್ನೆ ಬೆಳಿಗ್ಗೆ ಇದೇ ಜಾಗದಲ್ಲಿ ಬೂಟಿನ ಲೇಸು ಕಟ್ಟುತ್ತ, "ಅಪ್ಪಾ, ನಿಮ್ಮ ಕಣ್ಣಿನ ಹನಿ ಮುಗದೈತೇನು, ಬರೂಮುಂದ ತರ್ಲೇನು?" ಎಂದು ಕೇಳಿ ಹೋದವನು. ಹುನಗುಂದದ ಕೋರ್ಟಿನಲ್ಲಿ ಬೆರಳಚ್ಚುಗಾರ, ವಯಸ್ಸು ನಲವತ್ತನಾಲ್ಕು. ಸಂಜೆ ಇಳಕಲ್ಲಿನ ಬಸ್‌ಸ್ಟ್ಯಾಂಡಿನಲ್ಲಿ ಬಸ್ಸಿಳಿದು, ಎರಡು ಹೆಜ್ಜೆ ಇಟ್ಟು ಕುಸಿದಿದ್ದ. ಆಸ್ಪತ್ರೆಗೆ ಒಯ್ದರೂ ಕಣ್ಣು ತೆರೆಯಲಿಲ್ಲ.

ಅಂಗಳದಲ್ಲಿ ಶವ ಕೂರಿಸಿ ಒಯ್ಯುವ ವಿಮಾನಕ್ಕೆ ಬಾಳೆಕಂಬ ಕಟ್ಟುತ್ತಿದ್ದರು. ಹುನಗುಂದದಿಂದ ಬಂದಿದ್ದ ಪ್ರಭುಲಿಂಗ, ವಿಜಯಮಹಾಂತೇಶನ ಪಕ್ಕದ ಮೇಜಿನವನು, ಬಾಗಿಲಲ್ಲಿ ನಿಂತು ಯಾರಿಗೋ ಹೇಳುತ್ತಿದ್ದ: "ಏನ್ ಬೆರಳ್ರಿ ಅವು! ವಕೀಲ ಇನ್ನೂ ಕೆಮ್ಮತಿರ್ತಿದ್ದ, ಅಷ್ಟ್ರಾಗ ಇವ ಮುಂದಿನ ಸಾಲು ಹೊಡದಿರ್ತಿದ್ದ."

"ಮೆಲ್ಲಕ ಮಾತಾಡೋ," ಎಂದರು ಯಾರೋ.

ಅಷ್ಟರಲ್ಲಿ, ಶವದ ಕೊರಳಿನಿಂದ ಬಿಚ್ಚಿದ್ದ ಕರಡಿಗೆ ತೆರೆಯಿತು. ಮಣ್ಣು ಮಾಡುವ ಮೊದಲು ಇಷ್ಟಲಿಂಗಕ್ಕೆ ಕಡೆಯ ಪೂಜೆ. ಕುಣಿಯಲ್ಲಿ ಇಳಿಸುವಾಗ ಅದು ಎಡಗೈಯಲ್ಲಿರಬೇಕು. ಅಯ್ಯನವರು ಒಳಗಿನ ಹತ್ತಿಯನ್ನು ಬಿಡಿಸಿದರು. ಅವರ ಕೈ ನಿಂತಿತು. ಹತ್ತಿಯನ್ನು ಪೂರ್ತಿ ಹರವಿದರು, ಕರಡಿಗೆಯನ್ನು ಬೋರಲು ಹಾಕಿ ತಟ್ಟಿದರು.

"ಮಾಸ್ತರ, ಇದರಾಗ ಲಿಂಗಾನ ಇಲ್ಲರಿ."

ಹತ್ತಿಯ ಮೇಲೆ ಇದ್ದದ್ದು ಉಗುರಿನಷ್ಟಗಲದ ಒಂದು ಕರಿಯ ಚೂರು. ಅಂದಾನಪ್ಪನವರ ಅಕ್ಕ ನೀಲವ್ವ ಬಾಯಿಗೆ ಸೆರಗು ಹಿಡಿದಳು. ಭಜನೆಯವರ ತಾಳ ಅರ್ಧಕ್ಕೇ ನಿಂತಿತು. ಪ್ರಭುಲಿಂಗ ಬಾಗಿ ನೋಡಿದ.

"ಮೆಮರಿ ಕಾರ್ಡು," ಎಂದ. ಅಂದಮೇಲೆ, ಯಾಕಾದರೂ ಅಂದೆನೋ ಎನ್ನುವ ಹಾಗೆ ಹಿಂದೆ ಸರಿದ.

ಅಂದಾನಪ್ಪನವರಿಗೆ ಮೊದಲು ಏನೂ ಅನ್ನಿಸಲಿಲ್ಲ. ಆಮೇಲೆ ಸೊಸೆಯ ಕಡೆ ನೋಡಿದರು.

"ನೇತ್ರಾ, ಲಿಂಗ ಎಲ್ಲೈತಿ?"

"ನನಗ ಗೊತ್ತಿಲ್ರಿ ಮಾವಾರ." ಅಳು ನಿಲ್ಲಿಸಿ ಅವಳು ಪಿಳಿಪಿಳಿ ನೋಡಿದಳು. "ದಿನಾ ಪೂಜಿ ಮಾಡ್ತಿದ್ರು. ಒಂದ ದಿನಾನೂ ತಪ್ಪಿಸಿದವ್ರಲ್ಲ."

"ನೀ ಕಣ್ಲೆ ನೋಡೀಯೇನು?"

"ಬಾಗಲಾ ಮುಂದ ಮಾಡ್ಕೊಂಡ ಮಾಡ್ತಿದ್ರಲ್ರಿ..."

"ಹೌದು. ಬಾಗಲಾ ಮುಂದ ಮಾಡ್ಕೊಂಡ."

ಅಯ್ಯನವರು ಬರಿದಾದ ಕರಡಿಗೆಯನ್ನು ಬದಿಗಿಟ್ಟರು. "ಇರ್ಲಿರಿ ಮಾಸ್ತರ. ಮಠದಾಗ ಇನ್ನೊಂದು ಲಿಂಗ ಸಿಗತೈತಿ. ಯಾರನರ ಕಳಸೂಣು. ಹೊತ್ತು ಏರಾಕ ಹತ್ತೇತಿ."

"ಬ್ಯಾಡ್ರಿ."

"ಮಾಸ್ತರ—"

"ಇದ್ದಾಗ ಕಟ್ಟಿಕೊಳ್ಳದವಗ ಸತ್ತ ಮ್ಯಾಲೆ ಕಟ್ಟಿ ಯಾರಿಗೆ ತೋರಸೂದೈತ್ರಿ? ಅವನ ಲಿಂಗ, ನಾ ಕಟ್ಟಿಸಿದ್ದು, ಅದು ಸಿಗಬೇಕು. ಸಿಗಲಿಲ್ಲಾ, ನೀವೆಲ್ಲಾರೂ ಕೂಡಿ ಮಣ್ಣ ಮಾಡ್ಕೊಂಡ ಬರ್ರಿ. ನಾ ಬರೂದಿಲ್ಲ. ನನ್ನ ಕೈಯಿಂದ ಒಂದು ಹಿಡಿ ಮಣ್ಣು ಬೀಳೂದಿಲ್ಲ."

"ಏ ತಮ್ಮಾ, ಏನಂತ ಮಾತಾಡ್ತಿ!" ನೀಲವ್ವ ಎದೆ ಬಡಿದುಕೊಂಡಳು. "ಹೆತ್ತ ಮಗಾ ಲೇ ಅಂವ!"

ಧ್ವನಿ ತಮ್ಮದೇ ಹೌದೋ ಅಲ್ಲವೋ ಎಂದು ಅಂದಾನಪ್ಪನವರಿಗೇ ಅನುಮಾನವಾಗಿತ್ತು. ಕರಿಯ ಚೂರನ್ನು ಎರಡು ಬೆರಳಿನಿಂದ ಎತ್ತಿ ಬೆಳಕಿಗೆ ಹಿಡಿದರು. ಮೂವತ್ತು ವರ್ಷ ಹೈಸ್ಕೂಲಿನಲ್ಲಿ ವಿಜ್ಞಾನ ಕಲಿಸಿದವರು. ಕೈಗೆ ಸಿಕ್ಕಿದ್ದನ್ನು ಬೆಳಕಿಗೆ ಹಿಡಿದು ನೋಡುವ ಅಭ್ಯಾಸ. ಅದರಲ್ಲಿ ಏನೂ ಕಾಣಲಿಲ್ಲ.

*

ಆಗ ವಿಜಯಮಹಾಂತೇಶ ಏಳನೇ ಇಯತ್ತೆಯ ಹುಡುಗ. ಅವನ ಸೋದರಮಾವ ಗೋವಾದಿಂದ ಟಿವಿಗೆ ಹಚ್ಚಿ ಆಡುವ ಒಂದು ಯಂತ್ರ ತಂದುಕೊಟ್ಟಿದ್ದ. ಹಳದಿ ಕ್ಯಾಸೆಟ್ಟು, ಎರಡು ಕೈಹಿಡಿಕೆ. ಮಾಸ್ತರರು ಮುಖ ಗಂಟಿಕ್ಕಿದ್ದರು. ಹುಡುಗ ಅವರೆದುರು ಅದನ್ನು ಮುಟ್ಟುತ್ತಿರಲಿಲ್ಲ.

ಒಂದು ಮಧ್ಯಾಹ್ನ ಸಾಲೆ ಬೇಗ ಬಿಟ್ಟಿತು. ಮನೆಗೆ ಬಂದರೆ ಕಿಡಕಿಯ ಪರದೆ ಎಳೆದಿತ್ತು. ಒಳಗೆ ಶಿವಬಸವ್ವ, ಅವರ ಹೆಂಡತಿ, ನೆಲದ ಮೇಲೆ ಕಾಲು ಚಾಚಿ ಕುಳಿತು, ಸೆರಗು ಸೊಂಟಕ್ಕೆ ಸಿಗಿಸಿ, ಕೈಹಿಡಿಕೆಯನ್ನು ಮೊರ ಕೇರುವಂತೆ ಅತ್ತಿಂದಿತ್ತ ಆಡಿಸುತ್ತಿದ್ದಳು. ಪರದೆಯ ಮೇಲೆ ಒಬ್ಬ ಕುಳ್ಳ ಮನುಷ್ಯ ಇಟ್ಟಿಗೆ ಅಗೆದು ಬಂಗಾರ ಆರಿಸುತ್ತಿದ್ದ.

"ಬಲಕ ಬಾರೋ, ಬಲಕ! ಅಯ್ಯ, ನಿನ್ನ ಹಿಂದ ಬಂದನಲ್ಲೋ ಹಾಟ್ಯಾ!"

ಮಗ ಬಿದ್ದು ಬಿದ್ದು ನಗುತ್ತಿದ್ದ. ಆಮೇಲೆ ಇಬ್ಬರೂ ಬಾಗಿಲ ಕಡೆ ನೋಡಿದರು. ಶಿವಬಸವ್ವ ಎದ್ದು ತಲೆಯ ಮೇಲೆ ಸೆರಗು ಹೊದ್ದು ಚಹಕ್ಕಿಡಲು ಹೋದಳು. ಪರದೆಯ ಕುಳ್ಳ ಮನುಷ್ಯ ಅಲ್ಲೇ ನಿಂತಿದ್ದ. ಬೆನ್ನಟ್ಟಿದವರು ಬಂದು ಹಿಡಿದರು.

ಮಾಸ್ತರರು ಬೈಯಲಿಲ್ಲ. ಮರುದಿನ ಪಾತ್ರೆ ಮಾರುವವಳು ಓಣಿಗೆ ಬಂದಾಗ ಯಂತ್ರವನ್ನು ಅವಳ ಬುಟ್ಟಿಗೆ ಹಾಕಿ, ಒಂದು ಸ್ಟೀಲಿನ ಬಕೆಟ್ಟು ತಗೊಂಡರು.

"ಬಕೇಟ ಛಲೋ ಐತಿ," ಎಂದಳು ಶಿವಬಸವ್ವ. ಅಷ್ಟೇ. ಆಮೇಲೆ ಆ ಮನೆಯಲ್ಲಿ ಆ ಮಾತು ಬರಲಿಲ್ಲ. ಆರು ವರ್ಷದ ಹಿಂದೆ ಅವಳೂ ಹೋದಳು. ಅವಳ ಲಿಂಗ ಅವಳ ಜೊತೆ ಮಣ್ಣಿಗಿಳಿಯಿತು. ಬರಿದಾದ ಬೆಳ್ಳಿ ಕರಡಿಗೆಯನ್ನು ಮಗ ದೇವರ ಕೋಣೆಯ ಗೂಟಕ್ಕೆ ತೂಗುಹಾಕಿದ್ದ.

*

"ಅಂಗಳದಾಗ ಯಾರೋ ನಿಮ್ಮ ಕೂಡ ಮಾತಾಡಬೇಕಂತಾರ್ರಿ," ಎಂದು ಪ್ರಭುಲಿಂಗ ಬಂದು ಹೇಳಿದ. ಅವನ ಹಿಂದೆಯೇ ನವೀದ ನಿಂತಿದ್ದ. ಬಸ್‌ಸ್ಟ್ಯಾಂಡಿನ ಎದುರು ಮೊಬೈಲ್ ರಿಪೇರಿ ಅಂಗಡಿಯವನು. ವಿಜಯಮಹಾಂತೇಶನ ಜೊತೆ ಕಲಿತವನು. ನಿನ್ನೆ ಬಿದ್ದವನನ್ನು ಎತ್ತಿ ಆಟೊಕ್ಕೆ ಹಾಕಿದವನೂ ಅವನೇ. ರಾತ್ರಿಯಿಂದ ಬೇವಿನ ಗಿಡದ ಬುಡದಲ್ಲೇ ಕುಳಿತಿದ್ದ.

"ಕಾಕಾ, ನಡುವ ಬಾಯಿ ಹಾಕತೇನಿ ಅಂತ ಸಿಟ್ಟಾಗಬ್ಯಾಡ್ರಿ. ಆ ಕರಡಿಗಿ ವಿಜೂಂದಲ್ಲ. ಅವ್ವಾರದು."

"ನಿನಗ ಹೆಂಗ ಗೊತ್ತು?"

"ಕೊಂಡಿ ಸಡ್ಲ ಆಗಿತ್ತು. ತಂತಿ ಸುತ್ತಿದಾಂವ ನಾನ. ಮುಟ್ಟಬೇಕೋ ಬ್ಯಾಡೋ ಅಂತ ಅಂಜಿದ್ದೆ. ಬರೇ ಬೆಳ್ಳಿ ಲೇ ಇದು, ಲಿಂಗ ಅವ್ವನ ಕೂಡ ಹೋಗೇತಿ ಅಂದ ವಿಜು."

ನೀಲವ್ವ ಕುಳಿತಲ್ಲೇ ಬಿಳಿಚಿಕೊಂಡಳು. "ನಾನ ಹಾಕೀನೋ ತಮ್ಮಾ! ರಾತ್ರಿ ಜಳಕಾ ಮಾಡಿಸಿದ ಮ್ಯಾಲೆ ಕೊಳ್ಳು ಬರಿದಾಗಿತ್ತು. ಗೂಟಕ್ಕ ಜೋತ ಬಿದ್ದಿತ್ತು, ಎರಡೂ ಒಂದ ನಮೂನಿ, ಅವಂದ ಇರಬೇಕಂತ ಹಾಕಿದೆ. ನನಗೇನ ಗೊತ್ತು!"

"ಹಂಗಾರ ಅವಂದು ಎಲ್ಲಿ?" ಎಂದರು ಅಂದಾನಪ್ಪ.

ನವೀದ ಒಂದು ಹೆಜ್ಜೆ ಹತ್ತಿರ ಬಂದ.

"ಕಾಕಾ, ನಿಮ್ಮ ಕಡೇನ ಐತ್ರಿ."

"ಏನು?"

"ದವಾಖಾನ್ಯಾಗ ಎದಿ ಮಷೀನ ಹಚ್ಚುಮುಂದ ನರ್ಸಬಾಯಿ ದಾರಾ ಕತ್ತರಿಸಿ ನಿಮ್ಮ ಕೈಯಾಗ ಕೊಟ್ಲು. ನೀವು ಅಂಗಿ ಕಿಸೇದಾಗ ಹಾಕ್ಕೊಂಡ್ರಿ. ನಾ ಬಾಜೂಕ ನಿಂತಿದ್ದೆ."

ಅಂದಾನಪ್ಪನವರ ಕೈ ತಾನಾಗಿ ಎದೆಗೆ ಹೋಯಿತು. ಮೈಮೇಲಿದ್ದದ್ದು ಬೇರೆ ಅಂಗಿ. ಆಸ್ಪತ್ರೆ, ನರ್ಸು, ಕೈ—ಏನೂ ನೆನಪಿಗೆ ಬರಲೊಲ್ಲದು. ಬಿಳಿ ಗೋಡೆಯ ಮೇಲೆ ಒಂದು ಹಲ್ಲಿ ಮಾತ್ರ ನೆನಪಿತ್ತು. ತಮಗೆ ಗೊತ್ತಿಲ್ಲದ ಒಬ್ಬ ಮುದುಕ ಅಲ್ಲಿ ನಿಂತು, ಕೈಚಾಚಿ, ತಗೊಂಡು, ಕಿಸೆಗೆ ಹಾಕಿಕೊಂಡಂತೆ.

ನೇತ್ರಾ ಆಗಲೇ ಬಚ್ಚಲಿನ ಕಡೆ ಓಡಿದ್ದಳು. ಅವರೂ ಗೋಡೆ ಹಿಡಿದು ನಡೆದರು. ನಿನ್ನೆಯ ಅಂಗಿ ಸ್ಟೀಲಿನ ಬಕೆಟ್ಟಿನಲ್ಲಿ ನೆನೆದಿತ್ತು. ಅವಳು ಅದನ್ನು ಎತ್ತಿದಾಗ ಕಿಸೆ ಭಾರಕ್ಕೆ ಜೋತಿತು. ಅಂಗಿ ಹಿಡಿದಂತೆಯೇ ಅವಳು ನಿಂತುಬಿಟ್ಟಳು. ಮಾವನ ಮುಖ ನೋಡಲಿಲ್ಲ.

ಕರಡಿಗೆಯನ್ನು ತೆಗೆದು ಕೊಟ್ಟವರು ಅಂದಾನಪ್ಪನವರೇ. ಅಯ್ಯನವರು ಬಿಗಿದ ಮುಚ್ಚಳ ತೆರೆದರು; ಒಳಗೆ ನೀರು ಇಳಿದಿರಲಿಲ್ಲ. ಕಪ್ಪು ಕಂತಿಯ ಲೇಪದ ಲಿಂಗ ನಿನ್ನೆಯ ಪೂಜೆಯ ವಿಭೂತಿ ಹೊತ್ತು ತಣ್ಣಗೆ ಕುಳಿತಿತ್ತು.

*

ಎರಡು ವರ್ಷದ ಹಿಂದೆ ಒಂದು ಸಂಜೆ ವಿಜಯಮಹಾಂತೇಶ ಅಂಗೈಯಷ್ಟು ದೊಡ್ಡ ಯಂತ್ರವೊಂದನ್ನು ಅಪ್ಪನ ಮಂಚದ ಮೇಲೆ ಇಟ್ಟಿದ್ದ.

"ಅಪ್ಪಾ, ನೋಡ್ರಿಲ್ಲೆ. ಆಗಿನ ಆ ಮಷೀನು, ಈಗ ಇಷ್ಟ ಸಣ್ಣದು ಮಾಡ್ಯಾರ."

ಅಂದಾನಪ್ಪ ಪತ್ರಿಕೆ ಕೆಳಗಿಳಿಸಲಿಲ್ಲ. "ಕೋರ್ಟಿನಾಗ ಕೆಲಸ ಕಡಿಮಿ ಆದೂ ಏನು?"

"ಇಪ್ಪತ್ತೊಂದು ಆಟ ಅವರ ತುಂಬಿ ಕೊಟ್ಟಾರ. ನನಗ ಬೇಕಾದ್ದು ಒಂದೂ ಇಲ್ಲ. ನಮ್ಮವು ನಾವ ಹಾಕ್ಕೋಬೇಕು."

"ಹಾಕ್ಕೋ."

ಅವನು ಸ್ವಲ್ಪ ಹೊತ್ತು ನಿಂತಿದ್ದ. ಪತ್ರಿಕೆಯ ಕೆಳಗೆ ಅವನ ಪಾದಗಳು ಮಾತ್ರ ಕಾಣುತ್ತಿದ್ದವು. ಆಮೇಲೆ ಅವೂ ಹೋದವು. ಅಂದಿನಿಂದ ರವಿವಾರ ಬಂತೆಂದರೆ ಅವನು ಮನೆಯಲ್ಲಿರುತ್ತಿರಲಿಲ್ಲ. ಇಸ್ಪೀಟೋ, ಕುಡಿತವೋ ಎಂದು ಅಪ್ಪ ಒಳಗೊಳಗೇ ಲೆಕ್ಕ ಹಾಕಿದ್ದರು, ಕೇಳಿರಲಿಲ್ಲ.

*

ವಿಮಾನ ಎದ್ದಿತು. ಅಂದಾನಪ್ಪ ಮುಂದೆ ನಡೆದರು, ಬರಿಗಾಲಲ್ಲಿ. ಕುಣಿಯಲ್ಲಿ ಮಗನನ್ನು ಮೆಲ್ಲಗೆ, ತೋಳು ಹಿಡಿದು, ಕುಳಿತಂತೆಯೇ ಇಳಿಸಿದರು. ಎಡಗೈಯಲ್ಲಿ ಲಿಂಗ, ಮಡಿಲ ತುಂಬ ವಿಭೂತಿ, ಬಿಲ್ವಪತ್ರಿ. ಮೊದಲ ಹಿಡಿ ಮಣ್ಣು ಅಪ್ಪನದೇ. ಆ ಮಣ್ಣು ಬೆರಳ ಸಂದಿಯಲ್ಲಿ ಸ್ವಲ್ಪ ಅಂಟಿ ಉಳಿಯಿತು.

ಸಂಜೆ ದೀಪ ಹಚ್ಚುವ ಹೊತ್ತಿಗೆ ಜನ ಕರಗಿದ್ದರು. ನವೀದ ಚಪ್ಪಲಿ ಮೆಟ್ಟುತ್ತಿದ್ದ.

"ಹೋಗಬ್ಯಾಡೋ," ಎಂದರು ಅಂದಾನಪ್ಪ. ಮುಷ್ಟಿ ಬಿಚ್ಚಿ ಕರಿಯ ಚೂರನ್ನು ಮುಂದೆ ಚಾಚಿದರು. "ಇದರಾಗ ಏನೈತಿ?"

"ಇವತ್ತ ಬ್ಯಾಡ್ರಿ ಕಾಕಾ."

"ಇವತ್ತ."

ನವೀದ ನೇತ್ರಾಳ ಕಡೆ ನೋಡಿದ. ಅವಳು ಒಳಗಿನಿಂದ ಅಂಗೈಯಗಲದ ಆ ಯಂತ್ರವನ್ನು ತಂದು ಟಿವಿಯ ಹತ್ತಿರ ಇಟ್ಟಳು. ಅವನು ವೈರು ಸಿಕ್ಕಿಸುತ್ತ, ಕಾರ್ಡನ್ನು ಯಂತ್ರಕ್ಕೆ ಹಚ್ಚುವ ಒಂದು ಕಾರ್ಡ್ ರೀಡರಿನಲ್ಲಿ ಕೂರಿಸುತ್ತ ಹೇಳಿದ: "ಹೊಸಾ ಆಟ ಹಾಕೂಕಿಂತ ಮೊದಲ ಮಷೀನಿನ ಹೊಟ್ಟ್ಯಾಗಿಂದೆಲ್ಲಾ ನಕಲು ತಗದ ಇಟ್ಕೋಬೇಕು. ಎಲ್ಲೆರ ತಪ್ಪಿದ್ರ ಮತ್ತ ಮೊದಲಿನಂಗ ಎಬ್ಬಸಾಕ. ಇಂವ ಅವಸರ ಮಾಡಿ ಒಮ್ಮೆ ಕೆಡಿಸಿಟ್ಟಿದ್ದ, ಹುಚ್ಚಪ್ಯಾಲಿ. ಆ ನಕಲು, ಹಾಕಿದ ಆಟ, ಎಲ್ಲಾ ಈ ಕಾರ್ಡಿನ್ಯಾಗ. ಎರಡು ಸಲ ಕಳಕೊಂಡ. ಆಮ್ಯಾಲೆ, ಅವ್ವನ ಕರಡಿಗ್ಯಾಗ ಇಟ್ರ ಕಳ್ಯೂದಿಲ್ಲ ಅಂದ."

ಪರದೆ ಬೆಳಗಿತು. ಬಣ್ಣಬಣ್ಣದ ಚಿತ್ರಗಳ ಸಾಲು: ಕಾರು, ವಿಮಾನ, ಕತ್ತಿ ಹಿಡಿದವರು. ನವೀದ ಬಲಕ್ಕೆ ಸರಿಸುತ್ತ ಹೋದ. ಸಾಲಿನ ತುದಿಯಲ್ಲಿ ಬಣ್ಣ ನಿಂತು ಎರಡು ಫೋಟೊ ಬಂದವು.

ಒಂದು ಶಿವಬಸವ್ವನದು. ಸೆರಗಿನಿಂದ ಬಾಯಿ ಮುಚ್ಚಿಕೊಂಡು ನಗುತ್ತಿದ್ದಳು. ಕಣ್ಣು ಎರಡೂ ಮುಚ್ಚಿಹೋಗಿದ್ದವು. ನಲವತ್ತು ವರ್ಷ ಸಂಸಾರ ಮಾಡಿದ ಅಂದಾನಪ್ಪ ಆ ಮುಖವನ್ನು ಬಾಗಿಲಲ್ಲಿ ನಿಂತು ಒಮ್ಮೆ, ಅರೆಗಳಿಗೆ, ನೋಡಿದ್ದರು.

"ಬಂಗಾರ ಆರಿಸೂ ಆಟ," ಎಂದ ನವೀದ. "ಹುಡುಕಿ ಹುಡುಕಿ ಹಾಕಿದ."

ಪಕ್ಕದ ಫೋಟೊದಲ್ಲಿ ಆರಾಮಕುರ್ಚಿಯಲ್ಲಿ ಬಾಯಿ ತೆರೆದು ನಿದ್ದೆ ಹೋದ ಒಬ್ಬ ಮುದುಕ; ಎದೆಯ ಮೇಲೆ ಪತ್ರಿಕೆ, ಮೂಗಿನ ತುದಿಗೆ ಜಾರಿದ ಕನ್ನಡಕ. ಕೆಳಗೆ ಎರಡು ಅಕ್ಷರ: ಅಪ್ಪ.

ಅಂದಾನಪ್ಪ ಕುಳಿತಲ್ಲೇ ಮುಂದಕ್ಕೆ ಬಾಗಿದರು. "ಇದೇನಿದು?"

"ಇದು ಎಲ್ಲೂ ಸಿಗೂದಿಲ್ರಿ. ಈ ಆಟ ಅವನ ಕೈಲೆ ಬರದ ಮಾಡಿದ್ದು. ರವಿವಾರ ನನ್ನ ಅಂಗಡ್ಯಾಗ ಕುಂತ, ಕಲಕೋತ, ತಿದ್ದಕೋತ. ಚಂದ್ರನ ಮ್ಯಾಲೆ ನೌಕಾ ಇಳಸೂದು. ಅಲ್ಲೆ ಎಳೆತ ಭೂಮಿಗಿಂತ ಕಡಿಮಿ, ಆರರಾಗ ಒಂದು ಅಂತ ಒಂಬತ್ತನೇ ಇಯತ್ತೇದಾಗ ನೀವ ಕಲಿಸಿದ್ರಂತ. ಲೆಕ್ಕ ತಪ್ಪಿದ್ರ ಅಪ್ಪ ಬೈತಾನ ಅಂತ ನಾಕನಾಕ ಸಲ ನೋಡ್ತಿದ್ದ."

"ನನಗ ತೋರಸಲಿಲ್ಲ."

ಶಿವಬಸವ್ವನ ಚಿತ್ರದ ಕೆಳಗೆ, ಆಡಿದ್ದನ್ನು ಉಳಿಸಿಡುವ ಸಣ್ಣ ಚೌಕಗಳು ತುಂಬಿದ್ದವು. ಅಪ್ಪನ ಚಿತ್ರದ ಕೆಳಗಿನವು ಖಾಲಿ. ನವೀದ ಕೈಹಿಡಿಕೆಯನ್ನು ಮಾಸ್ತರರ ಕೈಗಿತ್ತು ಗುಂಡಿ ಒತ್ತಿದ.

ಪರದೆ ಕಪ್ಪಾಯಿತು. ಮೇಲಿನ ಅಂಚಿನಿಂದ ಬಿಳಿಯ ಪುಟ್ಟ ನೌಕೆಯೊಂದು ಹೊರಟು ಕೆಳಗಿನ ಬೂದು ನೆಲದ ಕಡೆ ಬೀಳತೊಡಗಿತು. ಮೊದಲು ನಿಧಾನ, ಆಮೇಲೆ ಜೋರು.

"ಯಾವ ಗುಂಡಿ? ಲೇ, ಯಾವ ಗುಂಡಿ?"

"ಕೆಂಪದು ಕಾಕಾ, ಕೆಂಪದು!"

ಅಂದಾನಪ್ಪ ಒತ್ತಿದರು. ನೌಕೆಯ ಬುಡದಲ್ಲಿ ಕಿಡಿಯಷ್ಟು ಬೆಂಕಿ ಹೊತ್ತಿತು. ಬೀಳುವುದು ನಿಂತಿತು. ನೌಕೆ ನೆಲಕ್ಕೂ ಮುಗಿಲಿಗೂ ನಡುವೆ, ನಡುಗುತ್ತ, ತೂಗಿತು.

"ಅಷ್ಟ ಒತ್ತಿ ಹಿಡೀಬ್ಯಾಡ್ರಿ," ಎಂದ ನವೀದ ಮೆಲ್ಲಗೆ. "ಬಿಟ್ಟು ಬಿಟ್ಟು ಒತ್ತಬೇಕು. ಎಣ್ಣಿ ತೀರತೈತಿ. ಇಳಸ್ರಿ."

ಪರದೆಯ ಬಲಗಡೆ ಇಂಧನದ ಹಸಿರು ಗೆರೆ ಮೋಟಾಗುತ್ತ ಬಂತು. ಗುಂಡಿಯ ಮೇಲಿನ ಬೆರಳನ್ನು ಅವರು ತೆಗೆಯಲಿಲ್ಲ.