ಸೊಸೆಯ ಬಾಯೊಳಗಿನ ಸದ್ದು

ಕಟಕಟ, ಮತ್ತೆ ಅದೇ, ಮುಚ್ಚಿದ ಬಾಗಿಲಾಚೆ ಸೊಸೆ ಏನೋ ಕಡಿಯುತ್ತಿದ್ದಾಳೆ, ಹುರಿಗಡಲೆಯಲ್ಲ, ಹುರಿಗಡಲೆಗೆ ಇಷ್ಟು ಗಟ್ಟಿ ಸದ್ದಿಲ್ಲ, ಬೆಲ್ಲವೂ ಅಲ್ಲ — ನೀಲಾಂಬಿಕಾ ಬಿಡಿಸುತ್ತಿದ್ದ ಮೆಂತ್ಯದ ಸೊಪ್ಪನ್ನು ಹಾಗೇ ಇಟ್ಟು ಕಿವಿಗೊಟ್ಟಳು, ಊಟಕ್ಕೆ ಕರೆದರೆ ಹಸಿವಿಲ್ಲ ಅನ್ನುವವಳು ಒಳಗೆ ಕದ್ದು ತಿನ್ನುವುದೇನು, ಅತ್ತೆಯ ಕೈಯಡುಗೆ ಅಷ್ಟು ಬೇಸರವಾಯಿತೆ, ಆಗಿರಬಹುದು, ನಾಲ್ಕು ದಿನ ಇದ್ದು ಹೋಗೋಣವೆಂದು ಗದಗಿನಿಂದ ನೆದರ್ಲೆಂಡ್ಸಿನ ಐಂಡ್‌ಹೋವನ್ನಿಗೆ ಬಂದ ಅತ್ತೆ ಕೊರೋನಾಕ್ಕೆ ವಿಮಾನಗಳು ನಿಂತು ಇಲ್ಲೇ ಉಳಿದುಬಿಟ್ಟಳಲ್ಲ, ಯಾರಿಗೆ ತಾನೇ ಭಾರವಲ್ಲ — ಇಲ್ಲ, ಇದು ಬೇಸರವಲ್ಲ, ಬೇರೇನೋ ಇದೆ, ವೈಶಾಲಿ ಅಪಾರ್ಟ್‌ಮೆಂಟಿನ ಮೆಟ್ಟಿಲು ಹತ್ತುವಾಗ ನಡುವೆ ನಿಂತು ಗೋಡೆ ಹಿಡಿಯುತ್ತಾಳೆ, ಏದುಸಿರು, ಅದು ಕಾಣಬಾರದೆಂದು ಮಾಸ್ಕ್ ಸರಿಮಾಡಿಕೊಳ್ಳುವ ನೆಪ, ಲ್ಯಾಪ್‌ಟಾಪಿನ ಮುಂದೆ ಹಗಲೇ ತೂಕಡಿಕೆ, ಉಸಿರು ಕಟ್ಟಿತೆಂದರೆ ಈಗ ಜಗತ್ತಿಗೆಲ್ಲ ಒಂದೇ ಅರ್ಥ, ಆ ರೋಗ ಇವಳಿಗೆ ತಗುಲಿದೆ, ಮಗ ವಿಜಯೇಂದ್ರನಿಗೂ ಗೊತ್ತು, ಮುದುಕಿ ಹೆದರಿಯಾಳೆಂದು ಇಬ್ಬರೂ ಮುಚ್ಚಿಟ್ಟಿದ್ದಾರೆ, ಕೇಳಿದರೆ, ಟೆಸ್ಟ್ ನೆಗೆಟಿವ್ ಬಂದೈತಿ ಅವ್ವಾ, ಬರೇ ದಣಿವು ಅಂತಾರ ಹೌಸಾರ್ಟ್ಸ್, ಎಂದ, ಹೌಸಾರ್ಟ್ಸ್ ಅಂದರೆ ಇಲ್ಲಿನ ಮನೆ ಡಾಕ್ಟರು, ಆದರೆ ಹೇಳುವಾಗ ಅವನು ಮುಖ ನೋಡಲಿಲ್ಲ, ಮುಖ ನೋಡದೆ ಆಡಿದ ಮಾತನ್ನು ಅವಳೆಂದೂ ನಂಬಿದವಳಲ್ಲ, ಕಟಕಟ, ಸಾಕು, ಬಾಗಿಲು ತಳ್ಳಿದಳು, ಹಾಸಿಗೆಯ ಮೇಲೆ ವೈಶಾಲಿ, ತೊಡೆಯ ಮೇಲೆ ಬಟ್ಟಲು, ಬಟ್ಟಲ ತುಂಬ ಐಸು, ಕಡದ್ರ ಸಮಾಧಾನ ರೀ ಅತ್ತೀ, ಬಿಡಾಕ ಆಗವಲ್ದು.

ಮಣ್ಣು — ತನ್ನ ಅಕ್ಕ ಗೌರಾಬಾಯಿಗೂ ಹೀಗೇ ಬಿಡಲಾಗಿರಲಿಲ್ಲ, ಒಲೆಯ ಮಣ್ಣು ಕೆರೆದು ಸೆರಗಿನಲ್ಲಿ ಕಟ್ಟಿಕೊಂಡು ಹಿತ್ತಲಲ್ಲಿ ತಿನ್ನುತ್ತಿದ್ದಳು, ಅವ್ವ ಹೊಡೆದಳು, ಅಪ್ಪ ದೆವ್ವ ಬಡಿದಿದೆ ಎಂದ, ಯಾಕೆ ತಿನ್ನುತ್ತೀ ಎಂದು ಯಾರೂ ಕೇಳಲಿಲ್ಲ, ಎರಡನೆಯ ಹೆರಿಗೆಯಲ್ಲಿ ಮಗು ಅತ್ತಿತು, ಅಕ್ಕ ಏಳಲಿಲ್ಲ, ಮೈಯಾಗ ರಕ್ತನ ಇದ್ದಿಲ್ಲ ಎಂದಳು ನರ್ಸಮ್ಮ, ಅಕ್ಕನ ಕೆಳರೆಪ್ಪೆ ಎಳೆದು ತೋರಿಸಿದಳು, ಒಳಗೆಲ್ಲ ಸುಣ್ಣದ ಬಿಳುಪು — ನೀಲಾಂಬಿಕಾ ಸೊಸೆಯ ಪಕ್ಕ ಕೂತು ಮೆಲ್ಲಗೆ ಕೇಳಿದಳು, ತಿಂಗಳದಾಗ ಬಾಳ ಹೋಗ್ತದೇನ, ವೈಶಾಲಿ ತಲೆ ತಗ್ಗಿಸಿದಳು, ವರ್ಷ ಆತು ರೀ, ಯಾರ ಮುಂದ ಹೇಳ್ಲಿ, ಡಾಕ್ಟರು ಫೋನಿನಾಗ ಜ್ವರ ಕೆಮ್ಮು ಅಷ್ಟ ಕೇಳ್ತಾರ, ಅವರು ಕೇಳದಿದ್ರ ನೀ ಹೇಳು, ಎಂದಳು ಅತ್ತೆ, ಈಗ ಫೋನ್ ಹಚ್ಚು, ನಾ ಇಲ್ಲೇ ಕುಂದರ್ತೀನಿ — ರಕ್ತ ನೋಡಿದರು, ಕಬ್ಬಿಣದ ಅಂಶ ತಳ ಕಂಡಿತ್ತು, ಏದುಸಿರೂ ಐಸಿನ ಹಂಬಲವೂ ಅದರಿಂದಲೇ ಅಂದರು, ಗುಳಿಗೆ ಬಂದವು, ಸ್ರಾವ ತಗ್ಗಿಸಲು ಬೇರೆ ಔಷಧ, ಜಗತ್ತಿನಾಗ ಸುಮಾರು ಮೂರು ಹೆಂಗಸರೊಳಗ ಒಬ್ಬಾಕಿಗೆ ರಕ್ತ ಕಮ್ಮಿ ಅಂತವ್ವಾ, ಎಂದ ವಿಜಯೇಂದ್ರ, ಹಾಗಾದರೆ ಊರಲ್ಲಿ ಸೋಮಾರಿ ಎಂದು ಬೈಸಿಕೊಂಡ ಸೊಸೆಯರೆಲ್ಲ — ಊಟದ ಬೆನ್ನಿಗೆ ಚಹಾ ಬೇಡವಂತೆ, ಕಬ್ಬಿಣವನ್ನು ಮೈಗೆ ಹತ್ತಗೊಡುವುದಿಲ್ಲವಂತೆ, ತಾನೇ ಒತ್ತಾಯ ಮಾಡಿ ಕುಡಿಸಿದ ಚಹಾ, ಈಗ ತನ್ನ ಕೈಯ ಮೇಲೂ ಅನುಮಾನ, ಗುಳಿಗೆಯ ಮೇಲೂ, ಇಷ್ಟು ಸಣ್ಣದು ಏನು ಮಾಡೀತು, ನುಂಗುತ್ತಾಳೋ ಎಸೆಯುತ್ತಾಳೋ, ವಾರಗಟ್ಟಲೆ ಎದುರು ನಿಂತು ಕಿತ್ತಳೆ ರಸದ ಜೊತೆ ನುಂಗಿಸಿದಳು, ಇವತ್ತು ಕಿಟಕಿಯ ಬಳಿ ಕರೆದು ಸೊಸೆಯ ರೆಪ್ಪೆ ಎಳೆದಳು, ತೆಳ್ಳಗೆ ಒಂದೆಳೆ ಕೆಂಪು, ನಂಬಲಾದೀತೆ, ಎದುರುಮನೆಯ ಇಟ್ಟಿಗೆಯ ಬಣ್ಣ ಬಿದ್ದಿರಬೇಕು, ಭುಜ ಹಿಡಿದು ಬಿಳಿ ಗೋಡೆಯ ಕಡೆ ತಿರುಗಿಸಿ ಮತ್ತೆ ಎಳೆದಳು, ಕೆಂಪು, ಬೆರಳು ತೆಗೆಯಲು ಮನಸ್ಸಾಗದೆ ಇನ್ನೂ ಹತ್ತಿರ ಬಾಗಿದಳು, ಕೆಂಪು —